ಅಪ್ಪ ನೀರು ಸೇದಿದ ದಿನ

ನಮ್ಮ ಮನೆಯಲ್ಲಿ ಇದ್ದದ್ದು ಎರಡೇ ಕೋಣೆ. ಭಾನುವಾರ ಬಂತೆಂದರೆ ಅದರಲ್ಲೊಂದು ನಮ್ಮದಾಗಿ ಉಳಿಯುತ್ತಿರಲಿಲ್ಲ. ಅಪ್ಪ ಎದ್ದವನೇ ಹಾಸಿಗೆಗಳನ್ನು ಸುತ್ತಿ ಟ್ರಂಕಿನ ಮೇಲೆ ಒಟ್ಟಿ, ಟ್ರಂಕನ್ನು ಅಡುಗೆಕೋಣೆಗೆ ತಳ್ಳಿ, ಗುಡಿಸಿದ ನೆಲದ ಮೇಲೆ ಜಮಖಾನ ಹಾಸುತ್ತಿದ್ದ. ಗೋಡೆಗೆ ಒರಗಿಸಿಟ್ಟ ಮರದ ಕುರ್ಚಿಯ ಮೇಲೆ ಬಿಳಿ ಟವೆಲು ಹಾಕಿದರೆ ಅದೇ ಪೀಠ. ಅವ್ವ ಒಣದ್ರಾಕ್ಷಿಯನ್ನು ಹಿಂದಿನ ದಿನವೇ ನೆನೆಹಾಕಿ, ಕುದಿಸಿ, ತೆಳುವಾದ ಬಟ್ಟೆಯಲ್ಲಿ ಸೋಸಿ, ಸಭೆಯವರೆಲ್ಲ ರೊಟ್ಟಿ, ರಸ ಹಂಚಿಕೊಳ್ಳುವ ಕರ್ತನ ಭೋಜನಕ್ಕೆ ಅಣಿ ಮಾಡಿಡುತ್ತಿದ್ದಳು. ಸೋಸಿ ಉಳಿದ ದ್ರಾಕ್ಷಿಯ ಸಿಪ್ಪೆ ನನ್ನ ಪಾಲು. ಚಳ್ಳಕೆರೆಯ ಎಣ್ಣೆ ಮಿಲ್ಲುಗಳ ಹಿಂದಿನ ಬೀದಿ ನಮ್ಮದು. ಕಡಲೆಕಾಯಿ ಹಿಂಡಿಯ ವಾಸನೆ ಬಾಗಿಲು ಹಾಕಿದರೂ ಒಳಗೆ ಬರುತ್ತಿತ್ತು. ಪ್ರಾರ್ಥನೆ ಮುಗಿಸಿ ಹೋದವರ ಸೀರೆಯ ಸೆರಗಿನಲ್ಲೂ ಅದು ಅಂಟಿಕೊಂಡು ಹೋಗುತ್ತಿತ್ತು. ದೇವರ ಮನೆ ಎಂದರೆ ಹಿಂಡಿಯ ವಾಸನೆ ಇರುವ ಜಾಗ ಎಂದೇ ನಾನು ಬಹಳ ದಿನ ನಂಬಿದ್ದೆ.

ಅಪ್ಪ ಮಿಲ್ಲಿನಲ್ಲಿ ಗಾಣದ ಯಂತ್ರ ನೋಡಿಕೊಳ್ಳುತ್ತಿದ್ದ. ಹುಟ್ಟಿದ್ದು ದೇವಸಮುದ್ರದ ಆಚೆಯ ಒಂದು ಹಟ್ಟಿಯಲ್ಲಿ, ದನ ಕಾಯುವವರ ಮನೆಯಲ್ಲಿ. ಆಗ ಅವನ ಹೆಸರು ಬೋರಯ್ಯ. ಕೂಲಿಗೆ ಚಳ್ಳಕೆರೆಗೆ ಬಂದವನು ಕಾಮಾಲೆಯಾಗಿ ಆಸ್ಪತ್ರೆಯಲ್ಲಿ ಮಲಗಿದ್ದಾಗ, ಪಕ್ಕದ ಮಂಚದ ಮುದುಕನೊಬ್ಬ ದಿನವೂ ಅವನ ಹೆಸರು ಹಿಡಿದು ಪ್ರಾರ್ಥನೆ ಮಾಡಿದನಂತೆ. ತನ್ನ ಹೆಸರನ್ನು ಯಾರೋ ಗೊತ್ತಿಲ್ಲದವರು ದೇವರ ಮುಂದೆ ಹೇಳುತ್ತಿದ್ದಾರೆ ಎನ್ನುವುದೇ ಅಪ್ಪನನ್ನು ಹಿಡಿದದ್ದು. ವಾಸಿಯಾಗಿ ಎದ್ದ ಮೇಲೆ ದೀಕ್ಷಾಸ್ನಾನ ತೆಗೆದುಕೊಂಡು ಯೋಹಾನನಾದ. ಅವ್ವ ಗೌರಸಮುದ್ರದವಳು, ಊರ ದೇವತೆ ಅಮ್ಮನ ಹೆಸರೇ ಇಟ್ಟಿದ್ದರು, ಮಾರಕ್ಕ. ಗಂಡನ ಹಿಂದೆ ಅವಳೂ ನೀರಿಗಿಳಿದು ಮರಿಯಮ್ಮ ಆದಳು. "ನಂದೇನೂ ಕಷ್ಟ ಆಗ್ಲಿಲ್ಲ ಬಿಡು, ಒಂದಕ್ಷರ ಆಕಡೆ ಈಕಡೆ," ಎಂದು ನಗುತ್ತಿದ್ದಳು. ಅಪ್ಪನಿಗೆ ಮಾತ್ರ ಆ ನಗು ಹಿಡಿಸುತ್ತಿರಲಿಲ್ಲ. ಹಳೆಯದರಲ್ಲಿ ಒಂದು ಎಳೆಯೂ ಉಳಿಯಬಾರದು ಅವನಿಗೆ. ಹಟ್ಟಿಯ ಜನ ಕೋಳಿ ಮುಟ್ಟುವವರಲ್ಲ. ಅದಕ್ಕೇ ಪ್ರತಿ ಕ್ರಿಸ್ಮಸ್ಸಿಗೆ ಅಪ್ಪ ಹಟ ಹಿಡಿದು ಕೋಳಿ ತರುತ್ತಿದ್ದ. ಅವ್ವ ತಕರಾರಿಲ್ಲದೆ ಮಸಾಲೆ ಅರೆದು ಮಾಡಿ ಬಡಿಸುತ್ತಿದ್ದಳು, ತಾನು ಮಾತ್ರ ಮುದ್ದೆಗೆ ಮಜ್ಜಿಗೆ ಹಾಕಿಕೊಂಡು ಉಣ್ಣುತ್ತಿದ್ದಳು. ಅಪ್ಪ ಅದನ್ನು ನೋಡಿಯೂ ತನ್ನ ತಟ್ಟೆಗೆ ಇನ್ನೊಂದು ತುಂಡು ಹಾಕಿಸಿಕೊಳ್ಳುತ್ತಿದ್ದ. ಆ ಒಂದು ಊಟದಲ್ಲಿ ನಮ್ಮ ಮನೆಯ ಜಗಳವೆಲ್ಲ ಇತ್ತು ಎಂದು ಈಗ ಅನ್ನಿಸುತ್ತದೆ.

ಅಪ್ಪನ ಪ್ರಾರ್ಥನೆ ದೊಡ್ಡದು. ಎದ್ದು ನಿಂತು, ಕೈ ಎತ್ತಿ, ಮಿಲ್ಲಿನ ಸದ್ದಿನಲ್ಲಿ ಮಾತಾಡಿ ರೂಢಿಯಾದ ಗಂಟಲಿನಲ್ಲಿ ಊರ ಪಾಪವನ್ನೆಲ್ಲ ದೇವರಿಗೆ ಒಪ್ಪಿಸುತ್ತಿದ್ದ: ಸಾರಾಯಿ ಅಂಗಡಿ, ಇಸ್ಪೀಟು, ಸಿನಿಮಾ, ಗುಡಿಗಳು. ಅವ್ವನದು ರೊಟ್ಟಿಯ ಪ್ರಾರ್ಥನೆ. ಬೆಳಿಗ್ಗೆ ಒಲೆಯ ಮುಂದೆ ಕೂತು ಸಜ್ಜೆ ರೊಟ್ಟಿ ತಟ್ಟುತ್ತ ಒಬ್ಬೊಬ್ಬರ ಹೆಸರು ಹೇಳುತ್ತಿದ್ದಳು. ಪಕ್ಕದ ಮನೆಯ ಬಾಣಂತಿ, ಮಿಲ್ಲಿನಲ್ಲಿ ಬೆರಳು ಕಳೆದುಕೊಂಡ ಹುಡುಗ, ನಮಗೆ ಸಾಲದ ಲೆಕ್ಕದಲ್ಲಿ ಹಾಲು ಕೊಡುತ್ತಿದ್ದ ಸಾಬರ ಮುದುಕಿ. ಹೆಸರು ಹೇಳಿ ಸುಮ್ಮನೆ ರೊಟ್ಟಿ ತಟ್ಟುವುದು, ಹಂಚಿಗೆ ಹಾಕಿ ಮತ್ತೊಂದು ಹೆಸರು. ಅವರಿಗೆ ಇಂಥದ್ದು ಕೊಡು ಎಂದು ಕೇಳುತ್ತಿರಲಿಲ್ಲ. ಕೊನೆಕೊನೆಗೆ ಅವಳ ದನಿ ನಿಂತು ತುಟಿ ಮಾತ್ರ ಆಡುತ್ತಿತ್ತು. ಒಂದು ದಿನ ಕೇಳಿದೆ.

"ಅವ್ವಾ, ಕೊನೇಲಿ ಯಾರ ಹೆಸರು ಹೇಳ್ತೀಯಾ? ಕೇಳ್ಸಲ್ಲ."

"ನಿಮ್ಮಜ್ಜಿದು. ನಿಮ್ಮ ದೊಡ್ಡಪ್ಪಂದು."

"ಗಟ್ಟಿಯಾಗಿ ಹೇಳು ಮತ್ತೆ."

"ನಿಮ್ಮಪ್ಪ ಎದ್ದೈತೆ. ದೇವರಿಗೆ ಕಿವಿ ಚೆನ್ನಾಗಿ ಕೇಳ್ಸುತ್ತೆ ಬಿಡು."

ಹಟ್ಟಿಯ ಹೆಸರನ್ನು ನಮ್ಮ ಮನೆಯಲ್ಲಿ ಎತ್ತುವ ಹಾಗಿರಲಿಲ್ಲ. ಆದರೆ ಹಟ್ಟಿಯ ಕಥೆಯೊಂದನ್ನು ಅಪ್ಪನೇ ನೂರು ಸಲ ಹೇಳಿದ್ದ, ಸಾಕ್ಷಿ ಎಂದು, ಸಭೆಯಲ್ಲಿ ಎದ್ದು ನಿಂತು. ಹಟ್ಟಿಯಲ್ಲಿ ದೇವರ ದನಗಳಿದ್ದವು. ಅವುಗಳನ್ನು ಯಾರೂ ಹೂಡುವುದಿಲ್ಲ, ಮಾರುವುದಿಲ್ಲ, ಸತ್ತರೆ ಮನುಷ್ಯರ ಹಾಗೆ ಮಣ್ಣು ಮಾಡುತ್ತಾರೆ. ಅವುಗಳನ್ನು ನೋಡಿಕೊಳ್ಳುವ ಕಿಲಾರಿ ಕೆಲಸ ಅಪ್ಪನ ಮನೆತನದ್ದು. ಹೊಸದಾಗಿ ಯೋಹಾನನಾಗಿ ಹಟ್ಟಿಗೆ ಹೋದ ಅಪ್ಪ ತನ್ನ ಸಂತೋಷ ಹೇಳಿಕೊಂಡನಂತೆ. ಅಣ್ಣ ಓಬಯ್ಯ ನಕ್ಕನಂತೆ. ಮಾರನೆಯ ಬೆಳಿಗ್ಗೆ ಅಪ್ಪ ದನ ಕೂಡುವ ರೊಪ್ಪದಿಂದ ಒಂದು ದೇವರ ಎತ್ತನ್ನು ಹಿಡಿದು ತಂದು, ಹಟ್ಟಿಯ ನಡುವೆ, ಎಲ್ಲರೂ ನೋಡುತ್ತಿರುವಾಗ ಅದರ ಹೆಗಲಿಗೆ ನೊಗ ಹಾಕಿದ. "ಏನಾಯ್ತು? ಸಿಡಿಲು ಬಡೀತಾ? ಕಣ್ಣು ಹೋದ್ವಾ? ಏನೂ ಆಗ್ಲಿಲ್ಲ!" ಎನ್ನುವಲ್ಲಿಗೆ ಅವನ ಸಾಕ್ಷಿ ಮುಗಿಯುತ್ತಿತ್ತು. ಜಮಖಾನದ ಮೇಲೆ ಕೂತವರು ಹಲ್ಲೆಲೂಯ ಎನ್ನುತ್ತಿದ್ದರು. ಎಲ್ಲರಿಗಿಂತ ಗಟ್ಟಿ ದನಿ ದೇವದಾಸಪ್ಪನದು. ಬಸ್ಟ್ಯಾಂಡಿನ ಹತ್ತಿರ ಟೈಲರ್ ಅಂಗಡಿ ಇಟ್ಟಿದ್ದ, ನಮ್ಮ ಸಭೆಯ ಹಿರಿಯ. ನಾನೂ ಎದೆಯುಬ್ಬಿಸಿ ಕೂಗುತ್ತಿದ್ದೆ. ನನ್ನ ಅಪ್ಪ ದೇವರ ಎತ್ತಿಗೆ ಹೆದರದವನು ಎನ್ನುವುದು ಶಾಲೆಯಲ್ಲಿ ನನ್ನ ಧೈರ್ಯವಾಗಿತ್ತು.

ನಾನು ನಾಲ್ಕನೆಯ ತರಗತಿಗೆ ಬರುವ ಹೊತ್ತಿಗೆ ಸಭೆ ಬತ್ತುತ್ತ ಬಂತು. ಮೊದಲು ಬಾಗಿಲಾಚೆಗೂ ಚಪ್ಪಲಿ ಇರುತ್ತಿದ್ದವು. ಆಮೇಲೆ ಜಮಖಾನದ ಒಂದು ಮೂಲೆ ಖಾಲಿ, ಆಮೇಲೆ ಒಂದು ಬದಿಯೇ ಖಾಲಿ. ಬಂದವರೂ ಒಬ್ಬರ ಪಕ್ಕ ಒಬ್ಬರು ಕೂರುತ್ತಿರಲಿಲ್ಲ. ಇವಳಿಗೆ ಅವಳಾಗದು, ಅವನಿಗೆ ಇವನಾಗದು. ಅಪ್ಪ ಉಜ್ಜೀವನಕ್ಕಾಗಿ ಉಪವಾಸ ಪ್ರಾರ್ಥನೆ ಇಟ್ಟ. ಒಣಗಿದ ಮರ ಮತ್ತೆ ಚಿಗುರಬೇಕಾದರೆ ಜನ ಪಾಪ ಒಪ್ಪಿಕೊಂಡು ಮಾನಸಾಂತರಪಡಬೇಕು, ಅದಕ್ಕಾಗಿ ಯಾರಾದರೂ ಒಡೆದ ಗೋಡೆಯ ಸಂದಿನಲ್ಲಿ ನಿಂತು ಮೊರೆಯಿಡಬೇಕು ಎಂದು ಹೇಳಿದ. ಶುಕ್ರವಾರಗಳಲ್ಲಿ ಒಲೆ ಹಚ್ಚುತ್ತಿರಲಿಲ್ಲ. ಅಪ್ಪ ಮಿಲ್ಲಿನಿಂದ ಬಂದು ಮುಖ ತೊಳೆದು ಊರಿಗಾಗಿ ಅಳುತ್ತಿದ್ದ. ನಿಜವಾಗಿಯೇ ಅಳುತ್ತಿದ್ದ, ಅದರಲ್ಲಿ ನಾಟಕವಿರಲಿಲ್ಲ. "ಈ ಊರಿನ ಕಲ್ಲೆದೆ ಕರಗಿಸು ತಂದೇ" ಎನ್ನುವಾಗ ಕತ್ತಿನ ನರ ಉಬ್ಬುತ್ತಿತ್ತು. ಅವ್ವ ಸೆರಗು ಹೊದ್ದು ಮೂಲೆಯಲ್ಲಿ ಮೊಣಕಾಲೂರಿರುತ್ತಿದ್ದಳು. ಆದರೂ ಏನೂ ಚಿಗುರಲಿಲ್ಲ.

ಆ ಬೇಸಿಗೆಯಲ್ಲಿ ಕುರಿ ಸಂತೆಗೆ ಬಂದಿದ್ದ ಹಟ್ಟಿಯವನೊಬ್ಬ ಅವ್ವನನ್ನು ಗುರುತು ಹಿಡಿದು ಮಾತಾಡಿಸಿದ. ಅಜ್ಜಿ ಹಾಸಿಗೆ ಹಿಡಿದಿದ್ದಾಳೆ, ಕಣ್ಣು ಮಂದವಾಗಿದೆ, ಯಾರು ಬಂದರೂ "ಯಾರು, ಬೋರನಾ?" ಎನ್ನುತ್ತಾಳೆ ಎಂದು ಹೇಳಿದ. ಅವ್ವ ಮನೆಗೆ ಬಂದವಳು ತರಕಾರಿ ಚೀಲವನ್ನು ಇಳಿಸದೆ ಬಹಳ ಹೊತ್ತು ಅಡುಗೆಕೋಣೆಯಲ್ಲಿ ನಿಂತೇ ಇದ್ದಳು. ಅಪ್ಪನಿಗೆ ಹೇಳಿದಳು. ಅಪ್ಪ ಕೇಳಿಸಿಕೊಂಡು ಕೆಲಸಕ್ಕೆ ಹೋದ.

ಮುಂದಿನ ಭಾನುವಾರ ಕರ್ತನ ಭೋಜನವಿತ್ತು. ಅಪ್ಪ ರೊಟ್ಟಿ ಮುರಿದು ತಟ್ಟೆಯನ್ನು ಸಾಗಿಸಿದ. ತಟ್ಟೆ ದೇವದಾಸಪ್ಪನಿಂದ ಸುವಾರ್ತಮ್ಮನಿಗೆ ಬಂತು. ಆಕೆ ಆಸ್ಪತ್ರೆಯಲ್ಲಿ ಆಯಾ ಆಗಿದ್ದ ವಿಧವೆ, ಬೊಚ್ಚುಬಾಯಿಯ ಹಿರಿಯಳು. ಸುವಾರ್ತಮ್ಮನಿಂದ ಅವ್ವನಿಗೆ. ಅವ್ವ ತಟ್ಟೆಯನ್ನು ಮುಟ್ಟಲಿಲ್ಲ.

"ತಗೋ ಮರಿಯಾ," ಎಂದ ಅಪ್ಪ.

"ನಂಗೆ ಬ್ಯಾಡರಿ."

"ಯಾಕೆ?"

"ಬಲಿಪೀಠದ ಹತ್ರ ಬಂದಾಗ ಅಣ್ಣನೋ ತಮ್ಮನೋ ನಮ್ಮ ಮ್ಯಾಲೆ ನೊಂದಿರೋದು ನೆನಪಾದ್ರೆ, ಕಾಣಿಕೆ ಅಲ್ಲೇ ಬಿಟ್ಟು ಮೊದ್ಲು ಹೋಗಿ ರಾಜಿಯಾಗು ಅಂತ ವಾಕ್ಯ ಐತಲ್ಲರಿ. ನೀವೇ ಓದಿದ್ದು. ನಂಗೆ ನೆನಪಾಗೈತೆ. ನಿಮಗೆ ನೆನಪಾಗಿಲ್ಲೇನು?"

ಅವಳ ದನಿ ಏರಿರಲಿಲ್ಲ. ರೊಟ್ಟಿ ಮುಗಿದಿದೆ, ಇನ್ನೊಂದು ತಟ್ಟಲೇ ಎಂದು ಕೇಳಿದ ಹಾಗಿತ್ತು. ಬೀದಿಯಲ್ಲಿ ಸೈಕಲ್ ಬೆಲ್ಲು ಕೇಳಿಸಿತು. ಅಪ್ಪ ತಟ್ಟೆಯನ್ನು ತಾನೇ ಎತ್ತಿ ಕುರ್ಚಿಯ ಮೇಲಿಟ್ಟು, ಮುಕ್ತಾಯದ ಪ್ರಾರ್ಥನೆಯನ್ನು ಎರಡೇ ಮಾತಿನಲ್ಲಿ ಮುಗಿಸಿದ. ಎಲ್ಲರೂ ಹೋದ ಮೇಲೆ ಟ್ರಂಕನ್ನು ಒಳಗೆ ತರಲಿಲ್ಲ. ಜಮಖಾನದ ಮೇಲೇ ಕೂತ. ನಾನು ಅಡುಗೆಕೋಣೆಯ ಬಾಗಿಲಲ್ಲಿದ್ದೆ, ಇಬ್ಬರೂ ನನ್ನನ್ನು ಹೊರಗೆ ಕಳಿಸುವುದನ್ನು ಮರೆತಿದ್ದರು.

"ನಾನು ಸತ್ಯಕ್ಕೋಸ್ಕರ ಮಾಡಿದ್ದು," ಎಂದ ಅಪ್ಪ.

"ಸತ್ಯಕ್ಕೆ ಮಾಡಿದ್ರೆ ಬಾರಿಕೋಲು ಯಾಕೆ ಬೇಕಿತ್ತರಿ?"

ಅಪ್ಪ ಜಮಖಾನದ ಅಂಚನ್ನು ಮಡಚತೊಡಗಿದ.

"ಎತ್ತು ಮೊಣಕಾಲೂರಿ ಕೂತ್ಕೊಂತು. ನೀವು ಹೊಡದ್ರಿ. ಅತ್ತೆ ಬಂದು ಅದರ ಕುತ್ತಿಗೆ ಮ್ಯಾಲೆ ಬಿದ್ರು. ಆಮ್ಯಾಲಿನ ಏಟು ಯಾರಿಗೆ ಬಿತ್ತು? ಯಾರ ತೋಳು ಮುರೀತು? ನಿಮ್ಮ ಸಾಕ್ಷಿಯಾಗೆ ಆ ಏಟು ಯಾವತ್ತೂ ಬರಲ್ಲ. ನಾನು ಕಂಡಿದ್ದೆ. ಕಂಡೂ ತಲೆ ಆಡಿಸ್ತಾ ಕೂತಿದ್ದೆ ಇಷ್ಟು ವರ್ಷ. ನಂದೂ ಪಾಪಾನೇ."

ನನ್ನ ಅಜ್ಜಿಯ ತೋಳು ಮುರಿದದ್ದು ನನಗೆ ಗೊತ್ತಾದದ್ದು ಹೀಗೆ. ಅಪ್ಪನ ಕಥೆಯನ್ನು ನಾನು ಶಾಲೆಯಲ್ಲಿ ಹೇಳಿಕೊಂಡು ತಿರುಗಿದ್ದೆನಲ್ಲ, ಆ ಕಥೆಯನ್ನು ಇನ್ನು ಯಾರ ಮುಂದೆಯೂ ಹೇಳಲಾರದವಳಾದೆ. ಅಪ್ಪನನ್ನು ದ್ವೇಷಿಸಬೇಕೋ ಬೇಡವೋ ತಿಳಿಯಲಿಲ್ಲ. ಅವನು ಎರಡು ಅಂಗೈಗಳನ್ನೂ ತೊಡೆಯ ಮೇಲೆ ಮಲಗಿಸಿ ಅವನ್ನೇ ನೋಡುತ್ತಿದ್ದ. ಗೋಡೆಯ ಬಿಸಿಲು ನೆಲಕ್ಕಿಳಿಯುವ ತನಕ ಹಾಗೇ ಕೂತಿದ್ದ. ಆಮೇಲೆ ಒಂದೇ ಮಾತು ಹೇಳಿದ.

"ನಾಡಿದ್ದು ರಜ ಹಾಕ್ತೀನಿ."

ಅವ್ವ ನನ್ನನ್ನೂ ಕಳಿಸಿದಳು. ತಾನು ಬರಲಿಲ್ಲ. "ಮಗೀನ ಕರ್ಕೊಂಡು ಹೋಗ್ರಿ. ಮಗು ಕಂಡ್ರೆ ಬಾಗಿಲು ಹಾಕಲ್ಲ. ನಾನಿಲ್ಲಿ ಮೊಣಕಾಲೂರಿರ್ತೀನಿ," ಎಂದಳು. ಬಳ್ಳಾರಿ ಕಡೆಯ ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತೆ. ತಳಕು ದಾಟಿದ ಮೇಲೆ ಬೋಳು ಗುಡ್ಡಗಳು, ಕರಿಬಂಡೆಗಳು, ಎಲ್ಲೋ ಒಂದು ಕುರಿಹಿಂಡು. ಹಾನಗಲ್ ಕ್ರಾಸಿನಲ್ಲಿ ಮೊಳಕಾಲ್ಮೂರಿನ ರೇಷ್ಮೆ ಸೀರೆಯ ಗಂಟು ಹೊತ್ತವರು ಹತ್ತಿದರು, ತೆಲುಗು ಕನ್ನಡ ಎರಡನ್ನೂ ಕಲಸಿ ಮಾತಾಡುತ್ತ. ಅಪ್ಪನ ತುಟಿ ಆ ಮಾತುಗಳ ಜೊತೆ ಸಣ್ಣಗೆ ಆಡುವುದನ್ನು ಕಂಡೆ. ಮನೆಯಲ್ಲಿ ಅವನು ತೆಲುಗು ಆಡಿದ್ದನ್ನು ನಾನು ಕೇಳಿಯೇ ಇರಲಿಲ್ಲ. ದೇವಸಮುದ್ರದಲ್ಲಿ ಇಳಿದು, ಜಾಲಿಯ ನಡುವಿನ ಕಾಲುದಾರಿಯಲ್ಲಿ ನಡೆದೆವು. ಹಟ್ಟಿ ಕಾಣಿಸಿದಾಗ ಅಪ್ಪ ಚಪ್ಪಲಿ ಬಿಚ್ಚಿ ಕೈಯಲ್ಲಿ ಹಿಡಿದುಕೊಂಡ. ಯಾಕೆಂದು ಕೇಳಲಿಲ್ಲ, ನಾನೂ ಬಿಚ್ಚಿದೆ. ನೆಲ ಸುಡುತ್ತಿತ್ತು.

ಅಜ್ಜಿಯನ್ನು ಜಗಲಿಯ ಮೇಲೆ ಕಂಬಳಿ ಹಾಸಿ ಮಲಗಿಸಿದ್ದರು. ದೊಡ್ಡಪ್ಪ ಬಾಗಿಲ ಹತ್ತಿರ ಕೂತು ಹಗ್ಗ ಹೊಸೆಯುತ್ತಿದ್ದ. ಅಪ್ಪನದೇ ಮುಖ, ಇನ್ನೂ ಕಪ್ಪು, ಇನ್ನೂ ಒಣಗಿದ್ದು. ತಲೆಯೆತ್ತಿ ನೋಡಿದ, ಮತ್ತೆ ಹಗ್ಗಕ್ಕೆ ಕೈ ಹಾಕಿದ. ಅಜ್ಜಿ ಹೆಜ್ಜೆ ಸದ್ದಿಗೆ ಮುಖ ತಿರುಗಿಸಿದಳು.

"ಯಾರು?"

"ನಾನವ್ವಾ. ಬೋರ."

"ಬೋರ ಸತ್ತೋದ ಅಂತ ನೀನೇ ಹೇಳಿ ಹೋಗಿದ್ಯಲ್ಲಾ, ಯೋಹಾನಪ್ಪಾ?" ಎಂದ ದೊಡ್ಡಪ್ಪ, ಹಗ್ಗದಿಂದ ಕಣ್ಣೆತ್ತದೆ.

ಅಜ್ಜಿಗೆ ಆ ಮಾತು ಕೇಳಿಸಲಿಲ್ಲವೋ, ಕೇಳಿಸಿಕೊಳ್ಳಲಿಲ್ಲವೋ. "ಏಮ್ರಾ ಬೋರಾ, ವಚ್ಚಿನಾವಾ? ಬಂದ್ಯಾ?" ಎಂದು ಎರಡೂ ಭಾಷೆಯಲ್ಲಿ ಕೇಳಿದಳು, ಒಂದರಲ್ಲಿ ಕೇಳಿದರೆ ಉತ್ತರ ಸಿಗದೇ ಹೋದೀತು ಎನ್ನುವ ಹಾಗೆ. ಅಪ್ಪ ಜಗಲಿಯ ಕೆಳಗೆ ಮಣ್ಣಿನಲ್ಲಿ ಕೂತ. ಅಜ್ಜಿಯ ಬಲತೋಳನ್ನು ಹಿಡಿದ. ಮೊಣಕೈಯ ಕೆಳಗೆ ಮೂಳೆ ಸೊಟ್ಟಗೆ ಕೂಡಿಕೊಂಡು ಉಬ್ಬಿತ್ತು. ಅಪ್ಪ ಅದರ ಮೇಲೆ ಹಣೆಯಿಟ್ಟ.

"ತಪ್ಪಾಯ್ತವ್ವಾ. ನಿನ್ನ ಮ್ಯಾಲೆ ಕೈ ಮಾಡಿದೆ. ಮಾಡಿ, ಅದನ್ನ ಯಾರಿಗೂ ಹೇಳ್ದೆ, ಎತ್ತಿಂದು ಮಾತ್ರ ಊರೆಲ್ಲ ಸಾರ್ಕೊಂಡು ತಿರುಗಿದೆ. ನಿಮ್ಮನ್ನ ನಗೆಪಾಟಲು ಮಾಡ್ದೆ."

"ನಂದು ವಾಸಿ ಆತಲೇ. ಅದು ಮೂಕಜೀವ. ಅದಕ್ಕೇನು ತಿಳೀತೈತೆ ಯಾಕೆ ಹೊಡದ್ರು ಅಂತ?"

"ಅದೆಲ್ಲೈತೆ?"

"ಹೋತು. ಮಣ್ಣು ಮಾಡಿದ್ವಿ."

ಅಪ್ಪನ ಭುಜ ಅಲುಗತೊಡಗಿತು. ಶುಕ್ರವಾರಗಳ ಅಳುವನ್ನು ನಾನು ಕಂಡಿದ್ದೆ, ಇದು ಅದಲ್ಲ. ಇದರಲ್ಲಿ ಸದ್ದೇ ಇರಲಿಲ್ಲ. ದೊಡ್ಡಪ್ಪ ಹಗ್ಗವನ್ನು ಪಕ್ಕಕ್ಕಿಟ್ಟು ಎದ್ದು ನಿಂತ.

"ಅತ್ತಿದ್ದು ಸಾಕು. ಬಾ, ದೇವರ ಮುಂದೆ ಅಡ್ಡ ಬೀಳು. ಹಟ್ಟಿ ಹಿರೀಕರ ಮುಂದೆ ತಪ್ಪು ಕಾಣಿಕೆ ಇಡು. ಆಮ್ಯಾಲೆ ಈ ಮನೆ ನಿಂದು."

ಅಪ್ಪ ಕಣ್ಣೊರೆಸಿಕೊಂಡ. ಏಳಲಿಲ್ಲ.

"ಅಣ್ಣಾ, ಅದೊಂದು ನನ್ ಕೈಲಿ ಆಗಲ್ಲ. ನಾನು ನಂಬಿಕೆ ಬಿಟ್ಟು ಬಂದಿಲ್ಲ. ಸೊಕ್ಕು ಬಿಟ್ಟು ಬಂದೀನಿ. ಹಟ್ಟಿ ಹಿರೀಕರ ಮುಂದೆ ನಿಂತು ನಂದು ತಪ್ಪು ಅಂತೀನಿ. ಅವರು ಏನಂದ್ರೂ ಅನ್ನಿಸ್ಕೊಂತೀನಿ. ಅಡ್ಡ ಬೀಳೋದು ಮಾತ್ರ ಆಗಲ್ಲ."

"ಹಂಗಾರೆ ಯಾಕೆ ಬಂದೆ? ಹೋಗು."

ನಾನು ಅಪ್ಪನ ಅಂಗಿಯನ್ನು ಹಿಡಿದುಕೊಂಡೆ. ಇಷ್ಟು ದೂರ ಬಂದು ಹೀಗೇ ಹಿಂದಿರುಗಿದರೆ ಅವ್ವನಿಗೆ ಏನು ಹೇಳುವುದು? ಆಗ ಅಜ್ಜಿ ಮೊಣಕೈಯೂರಿ ಅರ್ಧ ಎದ್ದಳು.

"ಲೇ ಓಬಾ, ಸುಮ್ಕಿರು. ಕರೆಂಟಿಲ್ಲ, ಮೋಟ್ರು ಓಡಲ್ಲ, ದನ ಬಾಯಾರಿ ನಿಂತಾವೆ, ಬೆಳಗಿಂದ ಕೂಗ್ತಾವೆ. ಕೈ ಮುಗಿ ಅಂತ ನಾನು ಅನ್ನಲ್ಲ. ನೀರು ಸೇದಿ ಕುಡಿಸ್ಲಿ. ಒಂದೂ ಬಾಯಾರಿ ಉಳೀಬಾರ್ದು. ಆತೇನಲೇ ಬೋರಾ?"

"ಆತವ್ವಾ," ಎಂದ ಅಪ್ಪ.

ಬಾವಿ ರೊಪ್ಪದ ಪಕ್ಕದಲ್ಲೇ ಇತ್ತು. ಜಾಲಿಮುಳ್ಳಿನ ಬೇಲಿಯೊಳಗೆ ಬಿಳಿಯ, ಬೂದುಬಣ್ಣದ ದನಗಳು, ಯಾವುದರ ಹೆಗಲಲ್ಲೂ ನೊಗದ ಗುರುತಿಲ್ಲ. ಅಪ್ಪ ಅಂಗಿ ಬಿಚ್ಚಿ ನನ್ನ ಕೈಗೆ ಕೊಟ್ಟು ಹಗ್ಗ ಹಿಡಿದ. ಬೇಸಿಗೆಯ ಬಾವಿ, ನೀರು ಆಳಕ್ಕೆ ಹೋಗಿತ್ತು. ಕೊಡ ಮುಳುಗಿದ ಸದ್ದು ಬಹಳ ತಡವಾಗಿ ಕೇಳಿಸುತ್ತಿತ್ತು. ಸೇದಿ ಕಲ್ಲಿನ ಬಾನಿಗೆ ಸುರಿದ, ಮತ್ತೆ ಇಳಿಬಿಟ್ಟ. ನಾನು ಬಾನಿಯ ಪಕ್ಕ ನಿಂತು, ಕುಡಿದು ಮುಗಿಸಿದ ದನವನ್ನು ಆಚೆ ಅಟ್ಟಿ ಹಿಂದಿನದಕ್ಕೆ ಜಾಗ ಮಾಡಿಕೊಡುತ್ತಿದ್ದೆ. ಮೊದಮೊದಲು ಹೆದರಿಕೆ, ಆಮೇಲೆ ಅವುಗಳ ಬಿಸಿ ಉಸಿರು ಕೈಗೆ ತಾಗಿ ಹೆದರಿಕೆ ಹೋಯಿತು. ಬಾನಿ ತುಂಬುವುದಕ್ಕಿಂತ ಬೇಗ ಅವು ಹೀರುತ್ತಿದ್ದವು. ಹಟ್ಟಿಯವರು ಒಬ್ಬೊಬ್ಬರಾಗಿ ಬಂದು ಬೇಲಿಯ ಆಚೆ ನಿಂತರು. ಯಾರೂ ನಗಲಿಲ್ಲ, ಯಾರೂ ನೆರವಿಗೂ ಬರಲಿಲ್ಲ. ಅಪ್ಪನ ಅಂಗೈ ಯಂತ್ರದ ಎಣ್ಣೆಗೆ ಒಗ್ಗಿದ್ದು, ಹಗ್ಗಕ್ಕೆ ಅಲ್ಲ. ಬೊಬ್ಬೆ ಎದ್ದು ಒಡೆದವು. ಅವನು ಒಂದು ಸಲವೂ ಬೇಲಿಯ ಕಡೆ ನೋಡಲಿಲ್ಲ. ಒಂದು ಮುದಿ ಹಸು ಗುಂಪಿನಲ್ಲಿ ನುಗ್ಗಲಾರದೆ ಹಿಂದೆ ಉಳಿದಿತ್ತು. ಅಪ್ಪ ಕೊಡವನ್ನೇ ಎತ್ತಿಕೊಂಡು ಹೋಗಿ ಅದರ ಮೂತಿಯ ಮುಂದೆ ಹಿಡಿದ. ಅದು ಕುಡಿದು ಮುಗಿಸುವವರೆಗೂ ಬಗ್ಗಿ ನಿಂತಿದ್ದ.

ಅವನು ಬಾವಿಗೆ ವಾಪಸು ಬರುವಾಗ ದೊಡ್ಡಪ್ಪ ರಾಟೆಯ ಹತ್ತಿರ ನಿಂತಿದ್ದ.

"ಬಿಡು, ಅಂಗೈ ಹರಿದೈತೆ."

"ಇರ್ಲಿ, ಇನ್ನೂ ಐದಾವೆ."

"ಐದಾವೆ ಅಂತಲೇ ಬಂದಿದ್ದು. ಸರಿ ಆಕಡೆ."

ಅಪ್ಪ ಸರಿದ, ಆದರೆ ಹಗ್ಗ ಬಿಡಲಿಲ್ಲ. ಇಬ್ಬರೂ ಒಂದೇ ಹಗ್ಗವನ್ನು ಒಬ್ಬರ ಹಿಂದೊಬ್ಬರು ನಿಂತು ಎಳೆದರು. ಚಿಕ್ಕವರಿದ್ದಾಗ ಹಾಗೇ ಸೇದುತ್ತಿದ್ದರಂತೆ; ಕೈ ಬದಲಾಯಿಸುವ ಲಯ ಇಬ್ಬರಿಗೂ ಮರೆತಿರಲಿಲ್ಲ. ಕೊನೆಯ ದನ ಮೂತಿಯೆತ್ತಿ ತಿರುಗಿದಾಗ ದೊಡ್ಡಪ್ಪ ತಲೆಯ ವಸ್ತ್ರ ಬಿಚ್ಚಿ ಹರಿದು ಅಪ್ಪನ ಅಂಗೈಗೆ ಸುತ್ತಿದ. ಕ್ಷಮಿಸಿದೆ ಎಂದೇನೂ ಅನ್ನಲಿಲ್ಲ. "ಉಂಡು ಹೋಗು" ಎಂದ. ಜಗಲಿಯ ಮೇಲೆ ಮುದ್ದೆ, ಹುರುಳಿಸಾರು. ಅಪ್ಪನಿಗೆ ಬೆರಳು ಮಡಚಲು ಬರುತ್ತಿರಲಿಲ್ಲ, ಅಜ್ಜಿ ತಡಕಾಡಿ ಅವನ ತಟ್ಟೆ ಹುಡುಕಿ ಮುದ್ದೆ ಮುರಿದು ಬಾಯಿಗಿಟ್ಟಳು. ನನ್ನ ಮುಖವನ್ನೂ ಬೆರಳಿನಿಂದ ಸವರಿ ನೋಡಿದಳು. "ನನ್ನ ಮೂಗೇ ಬಂದೈತಲ್ಲೋ ಇದಕ್ಕೆ" ಎಂದು ನಕ್ಕಳು. ಊಟವಾದ ಮೇಲೆ ಅಪ್ಪ ಹಿರೀಕರ ಮುಂದೆ ನಿಂತು ತನ್ನ ತಪ್ಪನ್ನು ಹೇಳಿದ. ಒಬ್ಬ ಮುದುಕ ಮುಖ ತಿರುಗಿಸಿ ಎದ್ದು ಹೋದ. ಉಳಿದವರು ಕೇಳಿಸಿಕೊಂಡರು.

ಸಂಜೆ ಮನೆಗೆ ಬಂದಾಗ ಅವ್ವ ಬಾಗಿಲು ತೆರೆದಳು. ಅವಳ ಕಾಲಿನ ಮೇಲೆ ಜಮಖಾನದ ನೇಯ್ಗೆ ಅಚ್ಚೊತ್ತಿತ್ತು. ಅಪ್ಪನ ಕೈಯ ಬಟ್ಟೆಯನ್ನು ನೋಡಿದಳು, ಮುಖವನ್ನು ನೋಡಿದಳು. ಹರಳೆಣ್ಣೆ ಬಿಸಿ ಮಾಡಿ ತಂದು ಹಚ್ಚಿದಳು.

ಆ ಭಾನುವಾರ ಅಪ್ಪ ಸಾಕ್ಷಿ ಹೇಳಲು ಎದ್ದ. ಅದೇ ಕಥೆ, ಎತ್ತು, ನೊಗ. ದೇವದಾಸಪ್ಪ ಹಲ್ಲೆಲೂಯಕ್ಕೆ ಬಾಯಿ ತೆರೆದಿದ್ದ. ಅಪ್ಪ ಅಲ್ಲಿ ನಿಲ್ಲಲಿಲ್ಲ. ಬಾರಿಕೋಲಿನ ಮಾತು ಹೇಳಿದ, ಏಟು ಯಾರಿಗೆ ಬಿತ್ತೆಂದು ಹೇಳಿದ. "ಊರಿಗಾಗಿ ಸಂದಿನಾಗೆ ನಿಂತೀನಿ ಅಂತಿದ್ದೆ. ಗೋಡೆ ಒಡೆದವನು ನಾನೇ ಆಗಿದ್ದೆ" ಎಂದ. ಬಾವಿಯ ವಿಷಯವನ್ನೂ ಮುಚ್ಚಿಡಲಿಲ್ಲ. ದೇವದಾಸಪ್ಪ ಎದ್ದು ನಿಂತ.

"ವಿಗ್ರಹದ ದನಕ್ಕೆ ನೀರು ಕುಡಿಸಿ ಬಂದ ಕೈಯಿಂದ ನಾನು ರೊಟ್ಟಿ ತಗಳ್ಳಲ್ಲ. ಇವತ್ತು ನೀರು, ನಾಳೆ ಮಂಗಳಾರತಿ."

"ನಿನ್ನ ಮಾತು ನನಗೆ ಅರ್ಥ ಆಗ್ತೈತೆ ದೇವದಾಸಣ್ಣಾ," ಎಂದ ಅಪ್ಪ. "ನಾನೂ ಹಂಗೇ ಅಂತಿದ್ದೆ."

ದೇವದಾಸಪ್ಪ ಹೋದ. ಅವನ ಹಿಂದೆ ಇನ್ನೂ ಕೆಲವರು ಹೋದರು. ಬಾಗಿಲಲ್ಲಿ ಚಪ್ಪಲಿ ಹುಡುಕುವ ಸದ್ದು ನಿಂತ ಮೇಲೆ ಜಮಖಾನದ ಮೇಲೆ ಉಳಿದವರು ನಾವು ಮೂವರು, ಸುವಾರ್ತಮ್ಮ, ಮತ್ತೆ ಮಿಲ್ಲಿನ ಒಂದಿಬ್ಬರು. ಇದೇನಾ ಉಜ್ಜೀವನ ಎಂದು ನನಗೆ ಅಳು ಬಂತು. ಅಪ್ಪ ಮೊಣಕಾಲೂರಿದ. ಕೈಯೆತ್ತಲಿಲ್ಲ, ಕೂಗಲಿಲ್ಲ. ಆಮೇಲೆ ಸುವಾರ್ತಮ್ಮ ಸೆರಗಿನೊಳಗಿಂದಲೇ, "ನನ್ನ ಸೊಸೆ ಬಂಜೆ ಅಂತ ಬೀದಿಯಾಗೆ ಅಂದಿದ್ದೆ ಸ್ವಾಮೀ" ಎಂದಳು. ಅಷ್ಟೇ. ಮುಂದಿನ ವಾರ ಆ ಸೊಸೆ ಬಂದು ಹೊಸಿಲಲ್ಲಿ ಕೂತಳು. ಮಿಲ್ಲಿನ ಒಬ್ಬ ತನ್ನ ಜೊತೆಯವನ ಮೇಲೆ ಸುಳ್ಳು ದೂರು ಹೇಳಿದ್ದನ್ನು ಹೋಗಿ ಅವನಿಗೇ ಹೇಳಿ ಬಂದ, ಬೈಸಿಕೊಂಡೂ ಬಂದ. ಅಪ್ಪನ ಪ್ರಾರ್ಥನೆಯಲ್ಲಿ "ಈ ಊರಿನ ಪಾಪ" ಎನ್ನುವುದು ಹೋಗಿ "ನಮ್ಮ ಪಾಪ" ಎಂದು ಬಂತು. ಹೊರಗಿನಿಂದ ನೋಡಿದವರಿಗೆ ಆ ವರ್ಷ ನಮ್ಮ ಸಭೆ ಮುಳುಗಿತು. ಒಳಗಿದ್ದ ನನಗೆ ಮಾತ್ರ ಕೋಣೆಯ ಗಾಳಿ ಬದಲಾದದ್ದು ತಿಳಿಯುತ್ತಿತ್ತು. ಜನ ಒಬ್ಬರ ಪಕ್ಕ ಒಬ್ಬರು ಕೂರತೊಡಗಿದ್ದರು.

ಅಜ್ಜಿ ಆ ವರ್ಷದ ಸುಗ್ಗಿಯವರೆಗೆ ಇದ್ದಳು. ಅಪ್ಪ ರಜ ಸಿಕ್ಕಾಗಲೆಲ್ಲ ಹಟ್ಟಿಗೆ ಹೋಗಿ ಬರುತ್ತಿದ್ದ. ಅವಳು ಹೋದಾಗ ದೊಡ್ಡಪ್ಪ ಆಳು ಕಳಿಸಿ ಕರೆಸಿದ, "ಒಂದು ಹೆಗಲು ನಿಂದು" ಎಂದ. ಅಪ್ಪ ಹೆಗಲು ಕೊಟ್ಟ. ಶಾಸ್ತ್ರಗಳು ನಡೆಯುವಾಗ ದೂರ ನಿಂತಿದ್ದ, ಮಣ್ಣು ಹಾಕುವಾಗ ಮುಂದೆ ಬಂದ. ಯಾರೂ ಅವನನ್ನು ಕರೆಯಲೂ ಇಲ್ಲ, ತಡೆಯಲೂ ಇಲ್ಲ. ದೊಡ್ಡಪ್ಪ ಕ್ರೈಸ್ತನಾಗಲಿಲ್ಲ, ಅಪ್ಪ ಹಟ್ಟಿಯ ದೇವರಿಗೆ ಕೈ ಮುಗಿಯಲಿಲ್ಲ. ನಾನೀಗ ಮೊಳಕಾಲ್ಮೂರಿನಲ್ಲಿ ಹೈಸ್ಕೂಲು ಮೇಡಂ. ಅಲ್ಲಿಂದ ಹಟ್ಟಿ ದೂರವಲ್ಲ, ದೊಡ್ಡಪ್ಪನ ಮೊಮ್ಮಕ್ಕಳು ಪರೀಕ್ಷೆಯ ಹೊತ್ತಿಗೆ ನಮ್ಮ ಮನೆಯಲ್ಲೇ ಉಳಿದು ಓದುತ್ತಾರೆ. ಸಹೋದ್ಯೋಗಿಗಳು, ನಿಮ್ಮವರಾ ಎಂದು ಕೇಳಿದರೆ ಹೌದು ಎನ್ನುತ್ತೇನೆ. ಹೇಗೆ ಎಂದು ಕೇಳಿದರೆ ಇಷ್ಟು ಕಥೆ ಹೇಳಬೇಕಾಗುತ್ತದೆ.

ದೇವದಾಸಪ್ಪ ಬಹಳ ದಿನ ನಮ್ಮ ಬೀದಿಗೇ ಬರಲಿಲ್ಲ. ಎದುರಿಗೆ ಸಿಕ್ಕರೆ ಸೈಕಲ್ ತಿರುಗಿಸಿಕೊಂಡು ಹೋಗುತ್ತಿದ್ದ. ಹಾಗೆ ಹೋದವನು, ಅಜ್ಜಿ ತೀರಿಕೊಂಡ ಮರುವರ್ಷದ ಒಂದು ಮಧ್ಯಾಹ್ನ, ಅಪ್ಪ ಮಿಲ್ಲಿನ ಪಾಳಿ ಮುಗಿಸಿ ಬಂದು ಉಂಡು ಕೂತಿದ್ದಾಗ ಬಾಗಿಲಲ್ಲಿ ಬಂದು ನಿಂತ. ಅಂಗಿಯ ಮೇಲೆ ದಾರದ ತುಣುಕುಗಳು ಹಾಗೇ ಇದ್ದವು. ಅಂಗಡಿಯಿಂದ ನೇರ ಎದ್ದು ಬಂದಿದ್ದಿರಬೇಕು. ಅವ್ವ ನೀರು ಕೊಟ್ಟಳು. ಲೋಟವನ್ನು ಹಿಡಿದುಕೊಂಡೇ ನಿಂತ.

"ಕುತ್ಕೋ ದೇವದಾಸಣ್ಣಾ," ಎಂದ ಅಪ್ಪ.

"ಕೂರಲ್ಲ. ಕೂತ್ರೆ ಏಳಕ್ಕಾಗಲ್ಲ." ಸ್ವಲ್ಪ ಹೊತ್ತು ಲೋಟವನ್ನೇ ನೋಡಿದ. "ನಂಗೊಬ್ಬ ತಮ್ಮ ಐದಾನೆ ಯೋಹಾನಾ. ದೊಡ್ಡಉಳ್ಳಾರ್ತಿಯಾಗೆ. ನಿಮ್ಗ್ಯಾರಿಗೂ ಹೇಳಿಲ್ಲ. ಅವನ ಮಗಳ ಮದುವೆಗೆ ಬಾ ಅಂತ ಕಾಲು ಹಿಡ್ದ. ಅಲ್ಲಿ ಪೂಜೆ ಐತೆ, ಬರಲ್ಲ ಅಂದೆ. ಬರಲ್ಲ ಅಂದಿದ್ರೆ ಆಗ್ತಿತ್ತು. ಅವಳ ತಾಳಿ ನಿಲ್ಲಲ್ಲ ಅಂತ ಶಾಪ ಹಾಕಿ ಕಳ್ಸಿದೆ."

ಅವ್ವ ಕೈಯಲ್ಲಿದ್ದ ಪಾತ್ರೆಯನ್ನು ಕೆಳಗಿಟ್ಟಳು.

"ಹುಡುಗಿ ಚೆನ್ನಾಗೈತೆ. ಏನೂ ಆಗಿಲ್ಲ," ಎಂದ ದೇವದಾಸಪ್ಪ ಬೇಗಬೇಗ. "ಬಾಣಂತನಕ್ಕೆ ತೌರಿಗೆ ಬಂದೈತಂತೆ. ಹೋಗ್ಬೇಕು ಅಂತ ಬಸ್ಟ್ಯಾಂಡ್ ತಂಕ ಹೋಗಿದ್ದೆ. ಬಸ್ಸು ಹತ್ತಕ್ಕೆ ಕಾಲು ಬರ್ಲಿಲ್ಲ. ನೀನು ಒಂದ್ಸಲ ಹೋಗಿ ಬಂದವನು. ಜೊತೆಗೆ ಬರ್ತೀಯಾ?"

ಅಪ್ಪ ವಾಕ್ಯ ಹೇಳಲಿಲ್ಲ. ಹಳೆಯ ಮಾತು ಎತ್ತಲಿಲ್ಲ. ಎದ್ದು ಗೂಟದಲ್ಲಿದ್ದ ಅಂಗಿ ತೆಗೆದುಕೊಂಡ.

"ಉಳ್ಳಾರ್ತಿ ಬಸ್ಸು ಎಷ್ಟೊತ್ತಿಗೈತೆ?"

"ಈಗೊಂದೈತೆ."

ನಾನು ಬಾಗಿಲಿಗೆ ಬಂದು ನೋಡಿದೆ. ಇಬ್ಬರೂ ಬಿಸಿಲಿನಲ್ಲಿ ಮಿಲ್ಲಿನ ಗೋಡೆಯ ಪಕ್ಕ ನಡೆದು ಹೋದರು. ಬೀದಿ ಮುಗಿಯುವಲ್ಲಿ ದೇವದಾಸಪ್ಪ ನಿಂತುಬಿಟ್ಟ. ಅಪ್ಪ ಅವನನ್ನು ಕರೆಯಲಿಲ್ಲ, ಕೈ ಹಿಡಿದು ಎಳೆಯಲೂ ಇಲ್ಲ. ತಾನೂ ಪಕ್ಕದಲ್ಲಿ ನಿಂತ. ಒಂದು ಎತ್ತಿನಗಾಡಿ ಹಿಂಡಿ ಹೇರಿಕೊಂಡು ಅವರನ್ನು ಬಳಸಿ ಮುಂದೆ ಹೋಯಿತು. ಸ್ವಲ್ಪ ಹೊತ್ತಿನ ಮೇಲೆ ದೇವದಾಸಪ್ಪನೇ ಮೊದಲು ಹೆಜ್ಜೆ ಇಟ್ಟ.